ಕೆಂಪು ದೀಪಕ್ಕೆ ಅಂಟಿಸಿದ ಟೇಪು

ಚಂದ್ರಕುಮಾರ್ ಕ್ಯಾಮೆರಾ ಹಿಡಿದು ಇಪ್ಪತ್ತೊಂದು ವರ್ಷವಾಗಿತ್ತು. ಅಷ್ಟರಲ್ಲಿ ಹತ್ತೊಂಬತ್ತು ಸಾಕ್ಷ್ಯಚಿತ್ರಗಳನ್ನೂ ಮೂರು ಸಣ್ಣ ಸಿನಿಮಾಗಳನ್ನೂ ಅವನು ಚಿತ್ರೀಕರಿಸಿದ್ದ. ಅದರಲ್ಲಿ ಒಂದೂ ಅವನದಲ್ಲ. ಕಥೆ ಬೇರೆಯವರದು, ಮಾತು ಬೇರೆಯವರದು, ಪ್ರಶಸ್ತಿ ಬಂದರೆ ವೇದಿಕೆ ಹತ್ತುವವರೂ ಬೇರೆಯವರು. ಬಿಸಿಲಲ್ಲಿ ನಿಂತು ಕಣ್ಣು ಕೆಡಿಸಿಕೊಂಡಿದ್ದು ಮಾತ್ರ ಇವನು. ಅವನ ಹೆಸರು ಪರದೆಯ ಮೇಲೆ ಬರುವುದು ಕಟ್ಟಕಡೆಗೆ, ಜನ ಎದ್ದು ಬಸ್ಸಿನ ಹೊತ್ತು ವಿಚಾರಿಸಿಕೊಳ್ಳುವಾಗ.

ಬರಬರುತ್ತಾ ಆ ಕೆಲಸವೂ ಕಡಿಮೆಯಾಯಿತು. ಎಲ್ಲರ ಕೈಗೂ ಫೋನು ಬಂದ ಮೇಲೆ ಸಾಕ್ಷ್ಯಚಿತ್ರಕ್ಕೆ ಛಾಯಾಗ್ರಾಹಕ ಯಾಕೆ ಎಂದು ಕೇಳುವವರು ಹುಟ್ಟಿಕೊಂಡರು. ನಲವತ್ತು ದಾಟಿದ ಮೇಲೆ ಅವನು ಹೆಂಡತಿ ಭೂಮಿಕಾಳನ್ನು ಕರೆದುಕೊಂಡು ಬೆಂಗಳೂರು ಬಿಟ್ಟು ಕಡೂರಿಗೆ ಬಂದ. ರೈಲ್ವೆ ಸ್ಟೇಷನ್ ಹತ್ತಿರ ಬಾಡಿಗೆ ಮನೆ ಹಿಡಿದ. ಓಂಕಾರೇಶನ ಸ್ಟುಡಿಯೋದಲ್ಲಿ ಕೆಲಸ ಸಿಕ್ಕಿತು. ಕಡೂರಲ್ಲಿ ಮದುವೆ, ತರೀಕೆರೆಯಲ್ಲಿ ಆರತಕ್ಷತೆ, ಅಜ್ಜಂಪುರದಲ್ಲಿ ಗೃಹಪ್ರವೇಶ. ಒಂದು ಕಾಲಕ್ಕೆ ಕಾಡು ಮೇಡು ಅಲೆದು ಒಂದು ಹಕ್ಕಿಗಾಗಿ ಮೂರು ದಿನ ಕಾದವನು ಈಗ ಮಾಂಗಲ್ಯಧಾರಣೆಗೆ ಪುರೋಹಿತರ ಭುಜ ಅಡ್ಡ ಬಾರದಂತೆ ಜಾಗ ಹಿಡಿಯುವುದರಲ್ಲಿ ಹೆಸರು ಮಾಡಿದ. ಹೊಟ್ಟೆಪಾಡು, ಬಿಡಿ. ಯಾರೂ ನಗುವಂಥದ್ದಲ್ಲ.

ಆದರೆ ಅವನದೇ ಎನ್ನುವ ಒಂದು ಸಿನಿಮಾ ಇತ್ತು. ಐದು ವರ್ಷದಿಂದ, ಬಿಡುವು ಸಿಕ್ಕಾಗಲೆಲ್ಲ, ಅವನು ತನ್ನ ಅಪ್ಪನನ್ನು ಚಿತ್ರೀಕರಿಸುತ್ತಿದ್ದ.

ಅಪ್ಪ ಕರಿಯಣ್ಣ ಸಿಂಗಟಗೆರೆ ಕಡೆಯ ಒಂದು ಊರಿನ ದೊಡ್ಡಕೆರೆಗೆ ನೀರುಗಂಟಿ. ಕೆರೆಯ ತೂಬು ಎತ್ತಿ ಗದ್ದೆ ತೋಟಕ್ಕೆ ನೀರು ಬಿಡುವುದು, ಯಾರ ಪಾಲು ಎಷ್ಟು ಎಂದು ನೋಡಿಕೊಳ್ಳುವುದು ಅವರ ಮನೆತನದ ಕೆಲಸ. ಹಳೇ ತೂಬಿನ ಬಾಯಿ ನೀರಿನಡಿಯಲ್ಲಿದೆ. ಅದಕ್ಕೊಂದು ಹೊನ್ನೆ ಮರದ ಬಿರಡೆ. ಎರಡು ಕಲ್ಲುಕಂಬದ ನಡುವೆ ಮುಳುಗಿ, ಬಿರಡೆಯನ್ನು ಕೈಯಿಂದಲೇ ಕಿತ್ತು ಬರಬೇಕು. ಇಲಾಖೆಯವರು ಬಂದು ಆಚೆ ಬದಿಗೆ ಚಕ್ರ ತಿರುಗಿಸುವ ಕಬ್ಬಿಣದ ಗೇಟು ಹಾಕಿದ ಮೇಲೆ ಕರಿಯಣ್ಣನನ್ನು ಕೇಳುವವರು ಇರಲಿಲ್ಲ. ಕೆರೆಯೂ ವರ್ಷಗಟ್ಟಲೆ ತುಂಬಲಿಲ್ಲ. ಆದರೂ ಆತ ಪ್ರತಿ ಬೇಸಿಗೆ ಒಣಗಿದ ಕೆರೆಯಂಗಳಕ್ಕೆ ಇಳಿದು, ಬಿರಡೆಗೆ ಹರಳೆಣ್ಣೆ ಸವರಿ, ಗೋಣಿತಾಟು ಸುತ್ತಿ ಬರುತ್ತಿದ್ದ. ಚಂದ್ರಕುಮಾರ್ ಅದನ್ನೆಲ್ಲ ಚಿತ್ರೀಕರಿಸಿದ್ದ. ಬೆಂಗಳೂರಿನಲ್ಲಿ ಸಿನಿಮಾ ಸಂಕಲನ ಮಾಡುವ ಶ್ರುತಿಗೆ ಕಳಿಸಿಯೂ ಇದ್ದ.

“ಎಲ್ಲ ಚೆನ್ನಾಗಿದೆ ಕುಮಾರ್,” ಎಂದಿದ್ದಳು ಅವಳು. “ಕಾಯೋದು ಇದೆ, ಯಾತಕ್ಕೆ ಕಾಯ್ತಿದ್ರು ಅನ್ನೋದೇ ಇಲ್ಲ. ಅವರು ನೀರಿಗಿಳಿದು ತೂಬು ತೆಗೆಯೋದು ಬೇಕು. ಅದೊಂದು ತನ್ನಿ, ಮಿಕ್ಕಿದ್ದು ನನಗೆ ಬಿಡಿ.”

ಅದೊಂದು ಸಿಕ್ಕಿದರೆ ಸಿನಿಮಾ. ಇಲ್ಲದಿದ್ದರೆ ಒಬ್ಬ ಮುದುಕ ಮರದ ತುಂಡಿಗೆ ಎಣ್ಣೆ ಹಚ್ಚಿದ್ದು, ಅಷ್ಟೇ.

ಇದರ ಜೊತೆಗೆ ಅವ್ವನ ಮಾತೂ ಇತ್ತು. ನೀರುಗಂಟಿ ತೂಬಿಗೆ ಇಳಿದಾಗ ಅವನ ಹೆಂಡತಿ ಕೆರೆ ಕಡೆ ತಲೆ ಹಾಕುವಂತಿಲ್ಲ, ಅವನು ಬಂದು ಒದ್ದೆ ಪಂಚೆ ಹಿಂಡುವ ತನಕ ಒಲೆ ಹೊತ್ತಿಸುವಂತಿಲ್ಲ. ಚಂದ್ರಕುಮಾರ್ ಚಿಕ್ಕವನಿದ್ದಾಗಲೇ ಮನೆಯವರು ಬೌದ್ಧರಾಗಿದ್ದರು. ದೇವರ ಗೂಡಿನಲ್ಲಿ ಬುದ್ಧನ ಪಟ ಬಂದಿತ್ತು, ಹರಕೆ ಕಟ್ಟಳೆಗಳೆಲ್ಲ ಹೋಗಿದ್ದವು. ಒಲೆಯ ಕಟ್ಟಳೆ ಮಾತ್ರ ಹೋಗಿರಲಿಲ್ಲ. ಕೇಳಿದರೆ ಹನುಮಂತಮ್ಮ, “ಅದು ದೇವ್ರುದ್ದಲ್ಲ ಕಣಪ್ಪ, ಭಯದ್ದು,” ಎನ್ನುತ್ತಿದ್ದಳು. ನಲವತ್ತೆಂಟು ವರ್ಷ ಸಂಸಾರ ಮಾಡಿದರೂ ಗಂಡ ನೀರಿಗಿಳಿಯುವುದನ್ನು ಅವಳು ಒಮ್ಮೆಯೂ ಕಂಡಿರಲಿಲ್ಲ. ತಣ್ಣನೆಯ ಒಲೆಯ ಮುಂದೆ ಕೂತು ಬಾಗಿಲು ನೋಡಿದ್ದಷ್ಟೇ ಅವಳ ಪಾಲು.

“ನಿನ್ನ ಮಿಷಿನ್ನಾಗೆ ಬಂದ್ರೆ ನಾನು ನೋಡ್ಬೌದಲ್ವೇನೋ? ಅವ್ರು ಎದ್ದು ಬಂದಾದ್ಮೇಲೆ ನೋಡಿದ್ರೆ ತಪ್ಪಿಲ್ಲ,” ಎಂದು ಅವಳೇ ಒಂದು ದಿನ ದಾರಿ ಹುಡುಕಿದ್ದಳು. ತೋರಿಸುತ್ತೇನೆ ಎಂದು ಅವನು ಮಾತು ಕೊಟ್ಟಿದ್ದ.

ಎರಡು ಸಾವಿರದ ಇಪ್ಪತ್ತೆರಡರಲ್ಲಿ ಮಳೆ ಹಿಡಿಯಿತು ನೋಡಿ, ಬಿಡಲೇ ಇಲ್ಲ. ಅಕ್ಟೋಬರ್ ಹೊತ್ತಿಗೆ ದೊಡ್ಡಕೆರೆ ಕೋಡಿ ಬಿತ್ತು. ಊರವರು ಬಾಗಿನದ ದಿನ ಗೊತ್ತು ಮಾಡಿದರು. ಸಾಹೇಬರೊಬ್ಬರನ್ನು ಕರೆದರು. ಆಗ ಗೇಟಿನ ಚಕ್ರ ತಿರುಗಿಸಿ ನೋಡಿದರೆ, ಅದು ತುಕ್ಕು ಹಿಡಿದು ಕೂತಿದೆ, ಜಪ್ಪಯ್ಯ ಅಂದರೂ ಅಲುಗುವುದಿಲ್ಲ. ಹದಿನಾಲ್ಕು ವರ್ಷದ ಮೇಲೆ ಕರಿಯಣ್ಣನ ಮನೆಗೆ ಜನ ಬಂದರು.

“ಪೂಜೆ ನಿಮ್ದು, ತೂಬು ನಂದು,” ಎಂದ ಕರಿಯಣ್ಣ. ಎಪ್ಪತ್ತೆರಡು ವರ್ಷದ ಆಳು ಅಷ್ಟೇ ಹೇಳಿ ಒಳಗೆ ಹೋಗಿ ಕಿತ್ತ ಬಿರಡೆಯನ್ನು ಕಟ್ಟಿಡುವ ಹಗ್ಗ ಹುಡುಕತೊಡಗಿದ.

ಇತ್ತ ಬಾಗಿನದ ವಿಡಿಯೋ ಕೆಲಸ ಓಂಕಾರೇಶನಿಗೆ ಸಿಕ್ಕಿತ್ತು. ಅವನು ಚಂದ್ರಕುಮಾರನನ್ನೇ ಕಳಿಸುವುದಾಗಿ ಹೇಳಿದಾಗ ಇವನಿಗೆ ಸ್ವರ್ಗಕ್ಕೆ ಮೂರೇ ಗೇಣು. ಒಂದೇ ಕ್ಯಾಮೆರಾದಲ್ಲಿ ಸಾಹೇಬರ ಕೆಲಸವೂ ಆಗುತ್ತದೆ, ಅಪ್ಪನ ಕೆಲಸವೂ ಆಗುತ್ತದೆ ಎಂದುಕೊಂಡ. ಎರಡು ದೋಣಿಯ ಮೇಲೆ ಕಾಲಿಟ್ಟವನ ಗತಿ ಏನು ಎಂದು ಆಗ ಅವನಿಗೆ ಹೇಳುವವರು ಯಾರೂ ಇರಲಿಲ್ಲ. ಹೇಳಿದ್ದರೂ ಕೇಳುತ್ತಿರಲಿಲ್ಲ.

ಇಲ್ಲಿ ಒಂದು ಸಣ್ಣ ವಿಷಯ ಹೇಳಬೇಕು. ಕ್ಯಾಮೆರಾ ಓಡುತ್ತಿದೆ ಎಂದು ತಿಳಿಸಲು ಅದರ ಮುಂಭಾಗದಲ್ಲಿ ಒಂದು ಕೆಂಪು ದೀಪ ಇರುತ್ತದೆ. ಅದು ಹತ್ತಿತೋ, ಕರಿಯಣ್ಣ ಎದೆ ಸೆಟೆಸಿ, ಕತ್ತು ನೆಟ್ಟಗೆ ಮಾಡಿ, ರೇಷನ್ ಕಾರ್ಡಿನ ಫೋಟೋಗೆ ಕೂತವನಂತೆ ಆಗಿಬಿಡುತ್ತಿದ್ದ. ಅದಕ್ಕೇ ಚಂದ್ರಕುಮಾರ್ ಮೊದಲ ವರ್ಷವೇ ಆ ದೀಪಕ್ಕೆ ಕಪ್ಪು ಟೇಪು ಅಂಟಿಸಿದ್ದ. ಆಮೇಲೆ ಅಪ್ಪ ಸಲೀಸಾಗಿ ಓಡಾಡಿದ. ಟೇಪು ಅಲ್ಲೇ ಉಳಿಯಿತು.

ಇನ್ನೊಂದು ಅವನ ಹೆಬ್ಬೆರಳಿನ ಸಂಗತಿ. ಸಾಕ್ಷ್ಯಚಿತ್ರ ಕಲಿಸಿದ ಗುರುಗಳು ಮೊದಲ ದಿನವೇ ಹೇಳಿದ್ದರು: ಓಡಲು ಬಿಟ್ಟ ಕ್ಯಾಮೆರಾ ನಿಲ್ಲಿಸಬೇಡ, ಬದುಕು ನಿನ್ನನ್ನು ಕೇಳಿ ನಡೆಯುವುದಿಲ್ಲ. ಹದಿನೈದು ವರ್ಷ ಅವನು ಹಾಗೇ ಮಾಡಿದ. ಮದುವೆಯ ಕೆಲಸ ಹಾಗಲ್ಲ. ಅರಿಸಿನ ಎಣ್ಣೆಗೆ ಅರ್ಧ ನಿಮಿಷ, ಧಾರೆಗೆ ಎರಡು ನಿಮಿಷ, ಒತ್ತು, ಬಿಡು, ಒತ್ತು, ಬಿಡು. ಗುಂಡಿ ಒಂದೇ. ಒತ್ತಿದರೆ ಶುರು, ಮತ್ತೆ ಒತ್ತಿದರೆ ಬಂದ್. ಆರು ವರ್ಷದಲ್ಲಿ ಹೆಬ್ಬೆರಳು ಮದುವೆಯ ಹೆಬ್ಬೆರಳಾಗಿತ್ತು, ಯಜಮಾನನನ್ನು ಕೇಳದೆ ತನ್ನಷ್ಟಕ್ಕೆ ತಾನೇ ಒತ್ತುತ್ತಿತ್ತು.

ಬಾಗಿನದ ದಿನ ಏರಿಯ ಮೇಲೆ ಜಾತ್ರೆಯಷ್ಟು ಜನ. ನೆತ್ತಿಯ ಮೇಲೆ ಬಿಸಿಲು. ಸಾಹೇಬರು ಮಾತಾಡಿದರು, ಇನ್ನೂ ಮಾತಾಡಿದರು. ಓಂಕಾರೇಶ ಹಿಂದಿನಿಂದ, “ಸಾಕು ಕಟ್ ಮಾಡಯ್ಯ,” ಎಂದ. ಇವನು ಗುಂಡಿ ಒತ್ತಿದ. ಬೆವರಿನ ಬೆರಳು ಸರಿಯಾಗಿ ಒತ್ತಲಿಲ್ಲವೋ ಏನೋ, ಕ್ಯಾಮೆರಾ ನಿಲ್ಲಲಿಲ್ಲ. ದೀಪ ಟೇಪಿನಡಿ ಉರಿಯುತ್ತಲೇ ಇತ್ತು. ಬಿಸಿಲಿಗೆ ಹಿಂಬದಿಯ ಪರದೆ ಕಪ್ಪು ಹಲಗೆಯಾಗಿತ್ತು. ನಲವತ್ತಾರರ ಕಣ್ಣಿಗೆ ಅದರ ಮೂಲೆಯ ಚುಕ್ಕೆ ಎಲ್ಲಿ ಕಾಣಬೇಕು, ಕನ್ನಡಕ ಬ್ಯಾಗಿನಲ್ಲಿತ್ತು.

ಅವನು ಕ್ಯಾಮೆರಾ ತೂಗುಹಾಕಿಕೊಂಡು ಹಳೇ ತೂಬಿನ ಕಡೆ ಓಡಿದ. ಕರಿಯಣ್ಣ ಅಂಗಿ ಕಳಚಿ, ಪಂಚೆ ಬಿಗಿದು ನಿಂತಿದ್ದ. ಮಗ ಬಂದದ್ದನ್ನು ನೋಡಿದ ಮೇಲೆಯೇ ನೀರಿಗೆ ಕಾಲಿಟ್ಟ. ಚಂದ್ರಕುಮಾರ್ ಕ್ಯಾಮೆರಾ ಎತ್ತುತ್ತಲೇ ಗುಂಡಿ ಒತ್ತಿದ.

ಅದು ನಿಂತಿತು.

ಅದರ ಮುಂದಿನದ್ದನ್ನು ಅವನು ಕಣ್ತುಂಬ ಕಂಡ. ಅಪ್ಪ ಈಜಿಕೊಂಡು ಕಲ್ಲುಕಂಬ ಹಿಡಿದದ್ದು, ಒಮ್ಮೆ ಊರಿನ ಕಡೆ, ತನ್ನ ಮನೆಯ ಕಡೆ ನೋಡಿದ್ದು, ಉಸಿರೆಳೆದು ಮುಳುಗಿದ್ದು. ನೀರು ಕೂಡಿಕೊಂಡಿತು. ಇವನು ಮನಸ್ಸಿನಲ್ಲೇ ಎಣಿಸಿದ: ಮೂವತ್ತು, ನಲವತ್ತು, ನಲವತ್ತೈದು. ಏರಿಯ ಆಚೆ ಕಾಲುವೆಯಲ್ಲಿ ಗುಡುಗಿದಂತೆ ನೀರು ನುಗ್ಗಿತು, ಹೆಂಗಸರು ಕೂಗಿದರು, ಕಂಬದ ಪಕ್ಕ ಬಿಳಿತಲೆ ಎದ್ದಿತು. ಇಷ್ಟು ಚೆಂದದ ಶಾಟ್ ಇಪ್ಪತ್ತೊಂದು ವರ್ಷದಲ್ಲಿ ತೆಗೆದಿರಲಿಲ್ಲ ಎಂದುಕೊಂಡ ಅವನು. ಕೈ ಅಲುಗಿರಲಿಲ್ಲ, ಚೌಕಟ್ಟು ಕದಲಿರಲಿಲ್ಲ. ಮುಗಿದ ಮೇಲೆ ಕಣ್ಣೊರೆಸಿಕೊಂಡು ಗುಂಡಿ ಒತ್ತಿದ. ಆಗ ಕ್ಯಾಮೆರಾ ಶುರುವಾಯಿತು.

ಸಂಜೆಗೆ ತರೀಕೆರೆಯಲ್ಲಿ ಆರತಕ್ಷತೆ ಇತ್ತು. ಓಂಕಾರೇಶ ಅಲ್ಲಿಂದಲೇ ಕಾರಿಗೆ ಹತ್ತಿಸಿಕೊಂಡ. ಅಪ್ಪ ಮನೆ ಸೇರಿದನೋ ಇಲ್ಲವೋ ನೋಡಲೂ ಇವನಿಗೆ ಪುರುಸೊತ್ತಾಗಲಿಲ್ಲ. ಆರತಕ್ಷತೆಗೆ ಕ್ಯಾಮೆರಾಗೆ ಬೇರೆ ಮೆಮೊರಿ ಕಾರ್ಡು ಹಾಕಿಕೊಂಡ. ಕೆರೆಯ ಕಾರ್ಡನ್ನು ಅಂಗಿಯ ಜೇಬಿನಲ್ಲಿಟ್ಟು ಆಗಾಗ ಮುಟ್ಟಿ ನೋಡಿಕೊಂಡ.

ಮಾರನೆ ಬೆಳಿಗ್ಗೆ ಕಡೂರಿನ ಮನೆಯಲ್ಲಿ ಭೂಮಿಕಾ ಕಾಫಿ ಕೊಟ್ಟು ಪಕ್ಕದಲ್ಲಿ ಕೂತಳು. ಅವನು ಕಾರ್ಡನ್ನು ಲ್ಯಾಪ್‌ಟಾಪಿಗೆ ಹಾಕಿದ. ಸಾಹೇಬರ ಮಾತು ಬಂತು. ಅದಾದ ಮೇಲೆ ಹುಲ್ಲು, ಆಕಾಶ, ಓಡುವವನ ಏದುಸಿರು, ಅಪ್ಪನ ಅರ್ಧ ಹೆಗಲು. ಕಟ್. ಮುಂದಿನ ತುಣುಕಿನಲ್ಲಿ ಕೆಸರು, ಕಾಲುಗಳು. ಅವನು ಹಿಂದಕ್ಕೆ ಹೋದ, ಮುಂದಕ್ಕೆ ಬಂದ. ಕಾರ್ಡು ತೆಗೆದು ಮತ್ತೆ ಹಾಕಿದ. ಇಲ್ಲದ್ದು ಎಲ್ಲಿಂದ ಬರಬೇಕು. ಕೈಗೆ ಬಂದ ತುತ್ತು ಬಾಯಿಗೆ ಬಂದಿರಲಿಲ್ಲ.

“ಏನಾಯ್ತು ರೀ?” ಎಂದಳು ಭೂಮಿಕಾ. ಅವನು ಹೇಳಿದ. ಅವಳು ಅವನ ಬೆನ್ನ ಮೇಲೆ ಕೈಯಿಟ್ಟು, “ಮಾವನ್ನ ಇನ್ನೊಂದ್ಸಲ ಕೇಳಿ ನೋಡಿ,” ಎಂದಳು. ಅವಳು ನಂಬಿ ಹೇಳಿದ ಮಾತಲ್ಲ ಅದು. ಹೇಳಲು ಇನ್ನೇನೂ ಇರಲಿಲ್ಲ.

ಒಂಬತ್ತರ ಬಸ್ಸಿಗೆ ಅವನು ಊರಿಗೆ ಹೋದ. ಕರಿಯಣ್ಣ ಜಗಲಿಯ ಮೇಲೆ ಕಂಬಳಿ ಹೊದ್ದು ಕೂತಿದ್ದ. ಸ್ವಲ್ಪ ಕೆಮ್ಮು. ಮುಖದಲ್ಲಿ ಮಾತ್ರ ಹತ್ತು ವರ್ಷ ಇಳಿದ ಕಳೆ.

“ಅಪ್ಪ, ಇನ್ನೊಂದ್ಸಲ ಇಳೀಬೇಕಾಗ್ತದೆ. ಇನ್ನೊಂದು ಕಡೆಯಿಂದ ತಕ್ಕೋಬೇಕು,” ಎಂದ ಮಗ, ನೆಲ ನೋಡುತ್ತಾ.

“ಇಳಿಯಕ್ಕೆ ತೂಬು ಮುಚ್ಚಿರ್ಬೇಕಲ್ಲೋ. ಬಾಯಿ ತೆರೆದೈತೆ. ಈಗ ಹತ್ರ ಹೋದೋನು ಆಚೆ ಕಾಲುವೇಲೇ ಸಿಗ್ತಾನೆ, ಹೆಣವಾಗಿ.”

“ಮುಚ್ಚಿ, ಮತ್ತೆ ತೆಗೆದ್ರೆ?”

ಕರಿಯಣ್ಣ ಮಗನನ್ನು ದಿಟ್ಟಿಸಿದ. “ಕೋಡಿ ಬಿದ್ದ ವರ್ಷ ಮೊದಲ್ನೆ ಸಲ ಬಿಟ್ಟ ನೀರನ್ನ ಕಡೇ ಗದ್ದೆ ಕುಡಿಯೋಗಂಟ ನಿಲ್ಲಿಸಂಗಿಲ್ಲ. ನಮ್ಮಪ್ಪ ನಿಲ್ಲಿಸಿಲ್ಲ, ನಾನೂ ನಿಲ್ಲಿಸಿಲ್ಲ. ಕಡೇ ಗದ್ದೆ ಯಾರ್ದು ಗೊತ್ತಾ? ನಮ್ಮೋರ್ದೇ. ಯಾವಾಗ್ಲೂ ಕಡೇದು ನಮ್ಮ ಕೇರಿಯೋರ್ದೇ. ನಿನ್ನ ಕ್ಯಾಮೆರಾಗೋಸ್ಕರ ಅವ್ರ ನೀರು ಹಿಡೀಲಾ?”

ಅಪ್ಪ ಹೇಳಿದ್ದು ಸರಿ ಎಂದು ಚಂದ್ರಕುಮಾರನಿಗೆ ಗೊತ್ತಿದ್ದದ್ದೇ ಹೆಚ್ಚಿನ ಸಂಕಟ.

“ಕಡೇ ಗದ್ದೆ ಮುಟ್ಟೋಷ್ಟೊತ್ತಿಗೆ ನೀರು ತೂಬಿನ ಮಟ್ಟಕ್ಕೆ ಇಳ್ದಿರ್ತದೆ,” ಎಂದ ಕರಿಯಣ್ಣ, ತುಸು ಮೆತ್ತಗೆ. “ಆಮೇಲೆ ಮುಳುಗೋದೇ ಇರಲ್ಲ, ನಡ್ಕೊಂಡೋಗಿ ಕೀಳ್ಬೌದು. ಬರೋ ವರ್ಷ ತುಂಬಿದ್ರೂ ನನ್ನ ಎದೆ ಉಸಿರು ಹಿಡಿಯಲ್ಲ ಕಣ್ಲಾ. ನಿನ್ನೆ ಅಡೀಲಿ ಗೊತ್ತಾಯ್ತು. ಅದೇ ಕಡೇದು.” ಕಂಬಳಿ ಎಳೆದುಕೊಂಡು ಕೇಳಿದ, “ನಿನ್ನೆ ಬಂದೈತೆ ಅಂದ್ಯಲ್ಲ?”

“ಬಂದಿದೆ,” ಎಂದ ಮಗ. ಬಾಯಿ ತಾನಾಗಿ ಹೇಳಿತು.

ಒಳಗಿದ್ದ ಹನುಮಂತಮ್ಮ ಸೆರಗಿಗೆ ಕೈ ಒರೆಸಿಕೊಳ್ಳುತ್ತಾ ಬಂದಳು. “ಬಂದೈತಂತಾ? ತೋರ್ಸಪ್ಪ ಮತ್ತೆ. ಒಲೆ ಮೇಲೆ ಏನೂ ಇಟ್ಟಿಲ್ಲ, ಸಾವಕಾಶ ನೋಡ್ತೀನಿ.”

ಅವನು ನೆಪ ಹುಡುಕಿದ. ಇನ್ನೂ ಜೋಡಿಸಬೇಕು, ಬಣ್ಣ ಸರಿ ಮಾಡಬೇಕು, ಬೆಂಗಳೂರಿಗೆ ಹೋಗಿ ಬರಬೇಕು. ಹನುಮಂತಮ್ಮ ಅಷ್ಟಕ್ಕೂ, “ಹಂಗೇ ತೋರ್ಸು, ನಂಗ್ಯಾತರ ಬಣ್ಣ,” ಎಂದು ಅವನ ಪಕ್ಕದಲ್ಲೇ ಕೂತುಬಿಟ್ಟಳು. ಮೊಣಕೈ ಅವನ ಮೊಣಕೈಗೆ ತಾಗುತ್ತಿತ್ತು. ಅವಳು ತಲೆ ಬಾಚಿಕೊಂಡು ಬಂದಿದ್ದನ್ನು ಅವನು ಆಗ ಗಮನಿಸಿದ. ನಲವತ್ತೆಂಟು ವರ್ಷ ಕಾದವಳನ್ನು ಇನ್ನೆಷ್ಟು ಕಾಯಿಸುವುದು. ಅವನು ಲ್ಯಾಪ್‌ಟಾಪ್ ತೆರೆದ.

ಸಾಹೇಬರ ಮಾತನ್ನು ಅವಳು ತಾಳ್ಮೆಯಿಂದ ಕೇಳಿದಳು. ಹುಲ್ಲು, ಆಕಾಶ ತಲೆಕೆಳಗಾಗಿ ಓಡಿದವು. ಹೆಗಲು ಕಂಡು ಮಾಯವಾಯಿತು. “ನಿಮ್ಮಪ್ಪನ ಹೆಗಲು,” ಎಂದಳು. ಆಮೇಲೆ ಕೆಸರು ಬಂತು. ಬಗಲಿಗೆ ಜೋತುಬಿದ್ದ ಕ್ಯಾಮೆರಾ ತನ್ನ ಪಾಡಿಗೆ ನೆಲ ನೋಡುತ್ತಿತ್ತು. ಎರಡು ಒದ್ದೆ ಕಾಲು ಚೌಕಟ್ಟಿನೊಳಗೆ ಬಂದು ನಿಂತವು. ಸಣ್ಣಗೆ ನಡುಗುತ್ತಿದ್ದವು. ಮುಷ್ಟಿಯಿಂದ ಕಪ್ಪು ಹೂಳು ತೊಟತೊಟ ಕಾಲ್ಬೆರಳ ಮೇಲೆ ಬೀಳುತ್ತಿತ್ತು.

ತೂಬು ಎತ್ತಿದ ನೀರುಗಂಟಿ ಅಡಿಯಿಂದ ಒಂದು ಹಿಡಿ ಹೂಳು ತಂದು ಊರ ಹಿರಿಯರಿಗೆ ತೋರಿಸಬೇಕು. ಹೂಳು ನುಣ್ಣಗಿದ್ದರೆ ತೂಬು ಕಟ್ಟಿಕೊಂಡಿಲ್ಲ, ಈ ವರ್ಷ ನೀರು ಸರಾಗ ಎಂದು ಲೆಕ್ಕ. ಆ ದಿನ ಹಿರಿಯರೆಲ್ಲ ಸಾಹೇಬರನ್ನು ಕಾರಿಗೆ ಹತ್ತಿಸಲು ಹೋಗಿದ್ದರು. ಹೂಳು ನೋಡಲು ಯಾರೂ ಇರಲಿಲ್ಲ.

ಲ್ಯಾಪ್‌ಟಾಪಿನಿಂದ ಕರಿಯಣ್ಣನ ದನಿ ಬಂತು, ಹಲ್ಲು ಕಟಕಟ ಎನ್ನುತ್ತಾ: “ಬಂತಾ ಮಗ?”

“ಬಂತು ಬಂತು.” ಅದು ಚಂದ್ರಕುಮಾರನ ದನಿ.

“ಹೂಳು ನೋಡ್ಲಾ, ಬೆಣ್ಣೆ ಇದ್ದಂಗೈತೆ.”

ದೂರದಿಂದ ಓಂಕಾರೇಶ ಕೂಗಿದ: ಸಾಹೇಬರು ಹೊರಟರು, ಬೇಗ ಬಾರಯ್ಯ. ಅದರ ಹಿಂದೆಯೇ ಮತ್ತೆ ಮಗನ ದನಿ, ಗಂಟಲೊಳಗಿನ ಸಿಡುಕು ಸಮೇತ, ಸ್ಪಷ್ಟವಾಗಿ: “ಪಕ್ಕಕ್ಕೆ ನಿಂತ್ಕೊಳಪ್ಪ, ಫ್ರೇಮಿಗೆ ಅಡ್ಡ ಬರ್ತಿದೀಯ.”

ಒದ್ದೆ ಕಾಲುಗಳು ಒಂದು ಹೆಜ್ಜೆ ಹಿಂದೆ ಸರಿದವು. ಕೆಸರಲ್ಲಿ ಅವುಗಳ ಗುರುತು ಉಳಿಯಿತು. ಸಾಹೇಬರ ಕಾರು ಹಿಡಿಯಲು ಮಗ ಗುಂಡಿ ಒತ್ತಿದ್ದ, ಅಲ್ಲಿಗೆ ಮುಗಿಯಿತು.

ಬೆಳಿಗ್ಗೆ ಗಾಬರಿಯಲ್ಲಿ ಅವನು ಚಿತ್ರವನ್ನಷ್ಟೇ ಹುಡುಕಿದ್ದ, ಮಾತು ಕೇಳಿಸಿಕೊಂಡಿರಲಿಲ್ಲ. ತಾನು ಹಾಗೆ ಅಂದದ್ದೇ ಅವನಿಗೆ ನೆನಪಿರಲಿಲ್ಲ. ನಿನ್ನೆ ಇಡೀ ದಿನ ತಾನು ಅಪ್ಪನ ಸಿನಿಮಾ ಮಾಡುತ್ತಿದ್ದೆ ಎಂದೇ ನಂಬಿದ್ದ. ಇಲ್ಲೇ ನೆಲ ಬಾಯಿ ಬಿಡಬಾರದೇ ಎನಿಸಿತು.

“ಮುಳುಗಿದ್ದೆಲ್ಲಿ?” ಎಂದಳು ಹನುಮಂತಮ್ಮ. ಪರದೆಯ ಪಕ್ಕ, ಹಿಂದೆ, ಅಲ್ಲೆಲ್ಲೋ ಇರಬಹುದು ಎಂಬಂತೆ ಬಾಗಿ ನೋಡಿದಳು. “ನೀರಿಗೆ ಇಳಿದಿದ್ದು?”

ಚಂದ್ರಕುಮಾರ್ ಬಾಯಿ ತೆರೆದ. ಅಷ್ಟರಲ್ಲಿ ಕರಿಯಣ್ಣ ಕಂಬಳಿಯೊಳಗಿಂದ ಹೇಳಿದ:

“ನೀರೊಳಗಿನದು ಅದರಾಗೆ ಬರಲ್ಲ ಕಣೇ. ಬಿಸ್ಲಿಗೆ ನೀರು ಕನ್ನಡಿ ಆಗ್ಬಿಡ್ತದೆ. ಎಂಥಾ ಕ್ಯಾಮೆರಾ ತಂದ್ರೂ ಅಷ್ಟೇ. ಅವನ ತಪ್ಪಲ್ಲ.”

ಕರಿಯಣ್ಣ ಜೀವಮಾನದಲ್ಲಿ ಸುಳ್ಳು ಹೇಳಿದವನಲ್ಲ. ಇಂಥವರ ಪಾಲಿನ ನೀರು ಇಷ್ಟೇ ಎಂದು ಗೌಡರ ಮುಂದೆ ನೆಟ್ಟಗೆ ನಿಂತು ಹೇಳಿ ಏಟು ತಿಂದವನು. ಆ ಆಸಾಮಿ ಎಪ್ಪತ್ತೆರಡರಲ್ಲಿ ಹೆಂಡತಿಗೆ ಸುಳ್ಳು ಹೇಳಿದ, ಅದೂ ಮಗನ ಮುಖ ನೋಡದೆ. ಅದರೊಂದಿಗೆ ಸಿನಿಮಾ ಮುಗಿಯಿತು ಎಂದು ಚಂದ್ರಕುಮಾರನಿಗೆ ತಿಳಿಯಿತು. ಬರುವುದಿಲ್ಲ ಎಂದ ಮೇಲೆ ಇನ್ನು ಯಾರೂ ಅದನ್ನು ಕಾಯುವಂತಿರಲಿಲ್ಲ.

ಹನುಮಂತಮ್ಮ ನಂಬಿದಳೋ ಬಿಟ್ಟಳೋ. “ಹೋಗ್ಲಿ ಬಿಡು,” ಎಂದಳು. “ಕಾಲು ಬಂದೈತಲ್ಲ. ಎದ್ದು ಬಂದ ತಕ್ಷಣದ್ದಲ್ವಾ? ಮನೆಗೆ ಬರೋಷ್ಟೊತ್ತಿಗೆ ನಡುಕ ನಿಂತೋಗಿರ್ತದೆ, ಹಿಂಗೆ ನಡುಗ್ತಾರೆ ಅಂತ ನಂಗೊತ್ತೇ ಇರ್ಲಿಲ್ಲ. ಇನ್ನೊಂದ್ಸಲ ಹಾಕು.”

ಅವನು ಹಾಕಿದ. ಮಾತಿನ ಜಾಗ ಬರುತ್ತಲೇ ಮೆಲ್ಲಗೆ ದನಿ ತಗ್ಗಿಸಿದ.

“ದನಿ ಇರ್ಲಿ,” ಎಂದಳು ಅವ್ವ. “ಅವ್ರು ಮಾತಾಡೋದು ಕೇಳ್ಬೇಕು.”

ಮೂರು ಸಲ ನೋಡಿದಳು. ಮೂರು ಸಲವೂ ಅಪ್ಪ ಬಂತಾ ಎಂದು ಕೇಳಿದ, ಮಗ ಬಂತು ಎಂದ, ಹೂಳು ಬೆಣ್ಣೆಯಂತಿದೆ ಎಂದು ಅಪ್ಪ ಹೇಳಿದ, ಪಕ್ಕಕ್ಕೆ ನಿಂತ್ಕೊ ಎಂದು ಮಗ ಸಿಡುಕಿದ. ಮೂರನೆಯ ಸಲ ಹನುಮಂತಮ್ಮ ಮಗನ ಮುಖ ನೋಡಿದಳು. ಎದ್ದು ಒಳಗೆ ಹೋಗಿ ಒಲೆ ಹೊತ್ತಿಸಿದಳು.

ಹನ್ನೆರಡಕ್ಕೆ ಓಂಕಾರೇಶನ ಫೋನು. ಅಜ್ಜಂಪುರದಲ್ಲಿ ನಾಳೆ ಮದುವೆ, ಇವತ್ತು ಸಂಜೆಯೇ ಚಪ್ಪರದ ಶಾಟ್ ಬೇಕಂತೆ, ಹೊರಡು. ಸರಿ ಎಂದ. ಶ್ರುತಿಗೆ ಒಂದು ಮೆಸೇಜು ಬರೆದ, ಅಳಿಸಿದ, ಮತ್ತೆ ಬರೆದ: ಅದು ಬರಲಿಲ್ಲ, ಇನ್ನು ಬರುವುದೂ ಇಲ್ಲ, ನನ್ನ ಡಿಸ್ಕು ವಾಪಸ್ ಕಳಿಸಿಬಿಡಿ. ಕಳಿಸಿದ ಮೇಲೆ ಕ್ಯಾಮೆರಾ ತೆಗೆದು, ಉಗುರಿನಿಂದ ಟೇಪು ಕೆರೆದು ಕಿತ್ತ. ಐದು ವರ್ಷದ ಅಂಟು, ಸುಲಭಕ್ಕೆ ಬರಲಿಲ್ಲ. ಗುಂಡಿ ಒತ್ತಿ ನೋಡಿದ. ಕೆಂಪು ದೀಪ ಹೊಸದರಂತೆ ಹತ್ತಿತು. ಮತ್ತೆ ಒತ್ತಿ ಆರಿಸಿದ.

ಅವ್ವ ಊಟ ಮಾಡಿಕೊಂಡು ಹೋಗು ಎಂದಳು. ಬಸ್ಸಿಗೆ ಹೊತ್ತಾಗುತ್ತದೆ ಎಂದ. ಅಪ್ಪನಿಗೆ ಏನಾದರೂ ಹೇಳಬೇಕಿತ್ತು. ತಪ್ಪಾಯ್ತಪ್ಪ ಎನ್ನಬಹುದಿತ್ತು, ಹೂಳು ಚೆನ್ನಾಗಿತ್ತು ಎನ್ನಬಹುದಿತ್ತು. ಅವನು ಕ್ಯಾಮೆರಾ ಬ್ಯಾಗಿನ ಜಿಪ್ಪು ಎಳೆದ.

ಕರಿಯಣ್ಣ ಕಾಲುವೆಯ ನೀರು ಎಲ್ಲಿಯವರೆಗೆ ಮುಟ್ಟಿದೆ ನೋಡಿಬರಲು ಕಂಬಳಿ ಬಿಟ್ಟು ಎದ್ದಿದ್ದ, ಹೊಸಲಿನಲ್ಲಿ ಚಪ್ಪಲಿ ಹುಡುಕುತ್ತಿದ್ದ. ಚಂದ್ರಕುಮಾರ್ ಕ್ಯಾಮೆರಾ ಬ್ಯಾಗು ಹೆಗಲಿಗೇರಿಸಿ ಬಾಗಿಲ ಕಡೆ ನಡೆದ. ಅವನು ಬರುವುದನ್ನು ನೋಡಿ, ಯಾರೂ ಹೇಳುವ ಮೊದಲೇ, ಅಪ್ಪ ಪಕ್ಕಕ್ಕೆ ಸರಿದು ನಿಂತುಕೊಂಡ.